ಒಂದು ರೂಪಾಯಿಗೆ ಹರಾಜಾದ ಹೊಲ: ಆಕಾರಿಪಡ ಜಮೀನನ್ನು ಮರಳಿ ಪಡೆಯುವ ಬಗೆ

ಮಹಾರಾಷ್ಟ್ರದ ಜತ್ತ, ಅಕ್ಕಲಕೋಟೆ ಮೊದಲಾದ ಗಡಿ ತಾಲ್ಲೂಕುಗಳು ಮಳೆ ಕಡಿಮೆಯಾದ ಪ್ರದೇಶಗಳು. ಅಲ್ಲಿಂದ ದುಡಿಮೆಗಾಗಿ ಮುಂಬಯಿ, ಪುಣೆಗಳಿಗೆ ಬಂದು ನೆಲೆಸಿದ ಕನ್ನಡ ಕುಟುಂಬಗಳು ಅನೇಕ. ಇಂತಹ ಮನೆಯ ಹಿರಿಯರು ತೀರಿಕೊಂಡ ಬಳಿಕ ವಾರಸುದಾರರು ಊರಿಗೆ ಹೋಗಿ 'ಸಾತ್‌ಬಾರಾ' ಉತಾರ ತೆಗೆಸಿದಾಗ, ಅಜ್ಜನ ಹೆಸರಿರಬೇಕಾದ ಕಡೆ 'ಸರ್ಕಾರ' ಎಂದೂ ಅದರೊಡನೆ 'ಆಕಾರಿಪಡ' ಎಂಬ ಮಾತೂ ಕಂಡುಬರುವುದುಂಟು. ಜಮೀನು ಶಾಶ್ವತವಾಗಿ ಕೈಬಿಟ್ಟಿತೆಂದು ಭಾವಿಸಿ ಸುಮ್ಮನಾಗುವವರೇ ಹೆಚ್ಚು. ಆದರೆ ಅಂತಹ ಜಮೀನನ್ನು ಮರಳಿ ಪಡೆಯಲು ಕಾನೂನಿನಲ್ಲಿ ದಾರಿಯಿದೆ.

'ಆಕಾರ' ಎಂದರೆ ಜಮೀನಿಗೆ ಗೊತ್ತುಪಡಿಸಿದ ಕಂದಾಯ. ಕರ್ನಾಟಕದವರಿಗೆ 'ಆಕಾರಬಂದ್' ಎಂಬ ದಾಖಲೆಯಿಂದ ಈ ಮಾತು ಪರಿಚಿತ. 'ಪಡ' ಎಂದರೆ ಬೀಳುಬಿದ್ದ ಭೂಮಿ. ಕಂದಾಯ ಅಥವಾ ಸರ್ಕಾರದ ಸಾಲ ಬಾಕಿಯಾಗಿ ಸರ್ಕಾರದ ವಶಕ್ಕೆ ಬಂದ ಜಮೀನಿಗೆ ಈ ಹೆಸರು ರೂಢಿಯಾಯಿತು.

ಇಲ್ಲಿ ಸಾಲವೆಂದರೆ ಬಹುಮಟ್ಟಿಗೆ ತಗಾವಿ. ಬಾವಿ ತೋಡಿಸಲು, ಒಡ್ಡು ಹಾಕಿಸಲು 1883ರ ಭೂಸುಧಾರಣಾ ಸಾಲಗಳ ಅಧಿನಿಯಮದಂತೆಯೂ, ಬೀಜ ಮತ್ತು ಎತ್ತುಗಳಿಗಾಗಿ 1884ರ ವ್ಯವಸಾಯಗಾರರ ಸಾಲಗಳ ಅಧಿನಿಯಮದಂತೆಯೂ ಸರ್ಕಾರವು ರೈತರಿಗೆ ತಗಾವಿಯನ್ನು ಕೊಡುತ್ತಿತ್ತು. ಕಂತು ತಪ್ಪಿದಲ್ಲಿ ಅದನ್ನು ಭೂಕಂದಾಯದ ಬಾಕಿಯಂತೆಯೇ ವಸೂಲು ಮಾಡಲು ಅವಕಾಶವಿತ್ತು. ಅಂದರೆ ಸಿವಿಲ್ ನ್ಯಾಯಾಲಯದ ತೀರ್ಪಿಗಾಗಿ ಕಾಯದೆ, ಕಂದಾಯ ಅಧಿಕಾರಿಗಳೇ ಜಮೀನನ್ನು ಹರಾಜಿಗೆ ಇಡಬಹುದಾಗಿತ್ತು.

ಬರಗಾಲದ ದಿನಗಳಲ್ಲಿ ಹರಾಜು ಕೂಗಿದರೂ ಕೊಳ್ಳುವವರು ಯಾರು? ಈ ಸಂದರ್ಭಕ್ಕಾಗಿಯೇ 1966ರ ಮಹಾರಾಷ್ಟ್ರ ಭೂಕಂದಾಯ ಸಂಹಿತೆಯ 220ನೆಯ ಕಲಮು ಇದೆ. ಯಾರೂ ಬೇಡಿಕೆ ಸಲ್ಲಿಸದಿದ್ದರೆ, ಅಥವಾ ಬಂದ ಬೇಡಿಕೆಯು ಬಾಕಿಗೂ ಹರಾಜಿನ ವೆಚ್ಚಕ್ಕೂ ಸಾಲದಿದ್ದರೆ, ಕಲೆಕ್ಟರರು ಆ ಜಮೀನನ್ನು ಕೇವಲ ಒಂದು ರೂಪಾಯಿಗೆ ಸರ್ಕಾರದ ಪರವಾಗಿ ಕೊಳ್ಳಬಹುದು. ಸಾಮಾನ್ಯ ಹರಾಜಿನಲ್ಲಿ ಬಾಕಿ ಮುರಿದುಕೊಂಡು ಉಳಿದ ಹಣ ಮಾಲೀಕನಿಗೆ ಸಲ್ಲುತ್ತದೆ. ಒಂದು ರೂಪಾಯಿಯ ಖರೀದಿಯಲ್ಲಿ ಉಳಿಯುವುದಾದರೂ ಏನು? ಸಣ್ಣ ಬಾಕಿಗಾಗಿ ಎಕರೆಗಟ್ಟಲೆ ಹೊಲ ಹೋಗಬಹುದಾದದ್ದು ಹೀಗೆ. ಕಾಗದದಲ್ಲಿ ಸರ್ಕಾರದ್ದಾದರೂ ಹಲವೆಡೆ ಹಳೆಯ ಕುಟುಂಬದವರೇ ಉಳುಮೆ ಮುಂದುವರಿಸಿದ್ದರಿಂದ, ಮುಂದಿನ ತಲೆಮಾರಿಗೆ ಈ ಸಂಗತಿ ತಿಳಿಯದೆಯೇ ಹೋಯಿತು.

ಹನ್ನೆರಡು ವರ್ಷಗಳೊಳಗೆ ಬಾಕಿಯನ್ನೂ ಅದರ ಮೇಲಿನ ಬಡ್ಡಿ, ದಂಡಗಳನ್ನೂ ತೀರಿಸಿದವರಿಗೆ ಜಮೀನು ಮರಳಿಸುವ ಅವಕಾಶವಿತ್ತು. ಅವಧಿ ಮೀರಿದವರಿಗೆ ಬಾಗಿಲು ಮುಚ್ಚಿದಂತಾಗಿತ್ತು. 2025ರ ಜನವರಿಯಲ್ಲಿ ರಾಜ್ಯ ಸಚಿವ ಸಂಪುಟವು ಇದನ್ನು ಬದಲಿಸಲು ತೀರ್ಮಾನಿಸಿತು. ಆಗ ಲೆಕ್ಕಕ್ಕೆ ಬಂದ ಇಂತಹ ಜಮೀನು 4,849 ಎಕರೆ. ಅವಧಿ ಮೀರಿದ ಪ್ರಕರಣಗಳಲ್ಲಿಯೂ ಮೂಲ ಮಾಲೀಕನು ಅಥವಾ ಅವನ ವಾರಸುದಾರರು ಚಾಲ್ತಿ ಮಾರುಕಟ್ಟೆ ಮೌಲ್ಯದ ಒಂದು ಭಾಗವನ್ನು ತುಂಬಿ ಜಮೀನನ್ನು ಮರಳಿ ಪಡೆಯುವಂತಾಗಬೇಕೆಂಬುದು ಅದರ ಸಾರ. ತುಂಬಬೇಕಾದ ಶೇಕಡಾವಾರು ಮೊತ್ತವನ್ನೂ, ಮರಳಿ ಪಡೆದ ಜಮೀನಿನ ಮಾರಾಟ ಮತ್ತು ಬಳಕೆಯ ಮೇಲಿನ ಷರತ್ತುಗಳನ್ನೂ ತಹಸೀಲ್ದಾರರ ಕಚೇರಿಯಲ್ಲಿ ಲಿಖಿತವಾಗಿ ಕೇಳಿ ತಿಳಿಯುವುದು ಕ್ಷೇಮ. ಮಧ್ಯವರ್ತಿಗಳು ಹೇಳುವ ಲೆಕ್ಕವನ್ನು ನಂಬಿ ಹಣ ಕೊಡಬಾರದು.

ಹಕ್ಕು ಸಾಧಿಸಲು ದಾಖಲೆಯೇ ಆಧಾರ. ಹರಾಜಿಗೆ ಮುಂಚಿನ ಉತಾರ, ಸರ್ಕಾರದ ಹೆಸರು ಸೇರಿದ 'ಫೇರ್‌ಫಾರ್' ನಮೂದು, ಮೂಲ ಮಾಲೀಕನ ಮರಣ ಪ್ರಮಾಣಪತ್ರ, ವಾರಸಾ ದಾಖಲೆ ಇವುಗಳನ್ನು ಮೊದಲು ಕೂಡಿಸಿಕೊಳ್ಳಬೇಕು. ಫೇರ್‌ಫಾರ್ ನಮೂದಿನ ಸಂಖ್ಯೆ ದೊರೆತರೆ ಹರಾಜಿನ ದಿನಾಂಕವನ್ನೂ ಕಾರಣವನ್ನೂ ಹುಡುಕುವುದು ಸುಲಭ. ಸೋದರ, ಸೋದರಿಯರಿದ್ದಲ್ಲಿ ಎಲ್ಲರೂ ಕೂಡಿ ಅರ್ಜಿ ಸಲ್ಲಿಸುವುದು ಲೇಸು. ಒಬ್ಬರನ್ನು ಬಿಟ್ಟ ಅರ್ಜಿ ತಕರಾರಿಗೆ ಸಿಕ್ಕಿ ವರ್ಷಗಟ್ಟಲೆ ನಿಲ್ಲಬಹುದು. ಮದುವೆಯಾಗಿ ಬೇರೆ ಊರಿಗೆ ಹೋದ ಹೆಣ್ಣುಮಕ್ಕಳ ಹೆಸರು ಬಿಡುವ ತಪ್ಪು ಹೆಚ್ಚಾಗಿ ಆಗುತ್ತದೆ.

ಈ ಸೌಲಭ್ಯವು ಸರ್ಕಾರವೇ ಕೊಂಡು, ಸರ್ಕಾರದ ಬಳಿಯೇ ಉಳಿದ ಜಮೀನಿಗೆ ಸಂಬಂಧಿಸಿದ್ದು. ಹರಾಜಿನಲ್ಲಿ ಖಾಸಗಿಯವರು ಕೊಂಡ ಜಮೀನಿನ ಮಾತು ಬೇರೆ. ಅಲ್ಲಿ ಹರಾಜಾದ 30 ದಿನಗಳೊಳಗೆ ಬಾಕಿಯನ್ನೂ ವೆಚ್ಚವನ್ನೂ, ಜೊತೆಗೆ ಖರೀದಿದಾರನಿಗಾಗಿ ಖರೀದಿ ಹಣದ ಶೇಕಡಾ 5ರಷ್ಟನ್ನೂ ಠೇವಣಿಯಿಟ್ಟು ಹರಾಜನ್ನು ರದ್ದುಪಡಿಸಲು ಕೋರಬೇಕು. ನೋಟೀಸು ಅಥವಾ ಹರಾಜಿನ ಕ್ರಮದಲ್ಲಿ ಗಂಭೀರ ಲೋಪವಾಗಿ ನಷ್ಟವುಂಟಾಗಿದ್ದರೂ ಅದೇ 30 ದಿನಗಳಲ್ಲಿ ಅರ್ಜಿ ಸಲ್ಲಿಸತಕ್ಕದ್ದು. ಕರ್ನಾಟಕದಲ್ಲಿ ಪಿತ್ರಾರ್ಜಿತ ಜಮೀನುಳ್ಳವರಿಗೆ ಅನ್ವಯಿಸುವುದು 1964ರ ಕರ್ನಾಟಕ ಭೂಕಂದಾಯ ಅಧಿನಿಯಮ. ಅದರಲ್ಲಿಯೂ 30 ದಿನಗಳ ಗಡುವೇ ಇದೆ. ನಗರದಲ್ಲಿರುವವರ ಹೆಸರಿನ ನೋಟೀಸು ಹಳ್ಳಿಯ ಹಳೆಯ ವಿಳಾಸಕ್ಕೇ ಹೋಗುವುದರಿಂದ, ಈಗಿನ ವಿಳಾಸವನ್ನು ಗ್ರಾಮದ ತಲಾಠಿಗೆ ಬರೆದು ತಿಳಿಸಿ ಸ್ವೀಕೃತಿ ಪಡೆದಿರಬೇಕು.