ಭೂತನಾಥನ ಮೆಟ್ಟಿಲ ಮೇಲೆ

ಅಗಸ್ತ್ಯತೀರ್ಥದ ಮೂಡಣ ದಂಡೆಯ ಭೂತನಾಥ ಗುಡಿಗೆ ಪಡುವಣದ ಬಿಸಿಲು ನೇರ ಬೀಳುತ್ತದೆ. ಗುಹೆಗಳದು ಉತ್ತರದ ಮುಖ, ಸಂಜೆ ಐದಕ್ಕೆ ಅಲ್ಲಿ ನೆರಳು. ಬಾದಾಮಿಯ ಹೈಸ್ಕೂಲ್ ಹುಡುಗರಿಗೆ ಈ ಲೆಕ್ಕ ಬಾಯಿಪಾಠ. ಶಾಲೆ ಬಿಟ್ಟವರು ಸೀದಾ ಕೆರೆಯ ಈ ಬದಿಗೆ ಬರುತ್ತಾರೆ.

ಐದು ಜನ, ಒಂದು ಫೋನು. ಒಂದು ಚಪ್ಪಲಿ ಅಡ್ಡ ಇಟ್ಟು, ಇನ್ನೊಂದನ್ನು ಅದಕ್ಕೆ ಆನಿಸಿ, ನಡುವೆ ಫೋನು ನಿಲ್ಲಿಸುತ್ತಾರೆ. ಕ್ಯಾಮೆರಾದ ಗಾಜನ್ನು ಅಂಗಿಯ ತುದಿಯಿಂದ ಒರೆಸದೆ ಒಮ್ಮೆಯೂ ಶುರು ಮಾಡುವುದಿಲ್ಲ. ಒಬ್ಬ ಹಾಡು ಹಚ್ಚುತ್ತಾನೆ, ಇಬ್ಬರು ಮೂವರು ಕುಣಿಯುತ್ತಾರೆ, ಒಬ್ಬ ಕೋಲು ಹಿಡಿದು ಮಂಗಗಳನ್ನು ಕಾಯುತ್ತಾನೆ. ಇಲ್ಲಿನ ಮಂಗಗಳು ಕಸಿಯುವುದರಲ್ಲಿ ಪಳಗಿದವು. ಕಾವಲಿನ ಪಾಳಿ ಬದಲಾಗುತ್ತಿರುತ್ತದೆ; ಫೋನು ತಂದವನಿಗೆ ಮಾತ್ರ ಕೋಲು ಬರುವುದಿಲ್ಲ.

ಮೊನ್ನೆ ಮೊದಲ ಗುಹೆಯ 18 ಕೈಗಳ ನಟರಾಜನಾಗಲು ಹೊರಟಿದ್ದರು. ಒಬ್ಬರ ಹಿಂದೊಬ್ಬರು ನಿಂತು ಕೈ ಚಾಚಿದರು. ಕೋಲಿನವನನ್ನು ಬಿಟ್ಟರೆ ಎಂಟೇ ಕೈ. ‘ಹತ್ತು ಕಮ್ಮಿ ಬಿದ್ವಲೇ’ ಎಂದು ಒಬ್ಬ ನಕ್ಕ. ಅಷ್ಟರಲ್ಲಿ ಚಪ್ಪಲಿ ಜಾರಿ ಫೋನು ಮಗುಚಿತು.

ಟಿಕ್‌ಟಾಕ್ 2020ರ ಜೂನ್‌ನಲ್ಲೇ ನಿಂತುಹೋಯಿತು. ಇವರಿಗೆ ಅದು ಅಣ್ಣಂದಿರ ಕಾಲದ ಮಾತು. ಇನ್‌ಸ್ಟಾಗ್ರಾಮ್ ಖಾತೆಗೆ 13 ತುಂಬಿರಬೇಕು. 2023ರ ದತ್ತಾಂಶ ಸಂರಕ್ಷಣಾ ಕಾಯ್ದೆಯಂತೂ 18ರೊಳಗಿನವರಿಗೆ ಪಾಲಕರ ಒಪ್ಪಿಗೆ ಬೇಕೆನ್ನುತ್ತದೆ.

‘ಹುಟ್ಟಿದ ವರ್ಷ ಏನ್ ಹಾಕೀಯಪಾ?’

‘ಅಣ್ಣಂದು ಹಾಕೇನ್ರಿ ಕಾಕಾ.’

ಹುಡುಗಿಯರು ಕೆಳಗಿನ ಮೆಟ್ಟಿಲಲ್ಲಿ ಬೇರೆಯೇ ಕೂತಿರುತ್ತಾರೆ. ಅವರ ವಿಡಿಯೊದಲ್ಲಿ ಮುಖವಿರುವುದಿಲ್ಲ. ನೀರಿಗೆ ಇಳಿಬಿಟ್ಟ ಕಾಲು, ಬಳೆ ತೊಟ್ಟ ಕೈ, ಕಲ್ಲಿನ ಮೇಲೆ ಉದ್ದಕ್ಕೆ ಬಿದ್ದ ಮೂರು ನೆರಳು. ನೆರಳುಗಳ ಜಡೆ ಸರಿಯಾಗಿ ಕಾಣಲೆಂದು ಒಬ್ಬಳು ಮತ್ತೆ ಮತ್ತೆ ಕತ್ತು ಹೊರಳಿಸಿದಳು. ಮುಖ ಬಂದರೆ ಸುದ್ದಿ ಇವರಿಗಿಂತ ಮೊದಲು ಮನೆ ಮುಟ್ಟುತ್ತದೆ. ಇದಕ್ಕೆ ನಾಚಿಕೆ ಎಂದು ಹೆಸರಿಡುವವರು ಆ ಚಿತ್ರಗಳನ್ನು ನೋಡಿಲ್ಲ. ಹುಡುಗರ ಕುಣಿತಕ್ಕಿಂತ ಅವೇ ಚೆಂದ.

ಬಿಸಿಲು ಗೋಪುರ ಬಿಟ್ಟ ಮೇಲೆ ಐದೂ ತಲೆ ಒಂದೇ ಪರದೆಗೆ ಬಾಗಿದವು. ಒಂದನ್ನು ಉಳಿಸಿ ಮಿಕ್ಕದ್ದನ್ನೆಲ್ಲ ಅಳಿಸಿದರು. ಉಳಿದದ್ದು ಗೋವಾದಲ್ಲಿ ಗೌಂಡಿ ಕೆಲಸಕ್ಕಿರುವ ಅಣ್ಣನ ವಾಟ್ಸಾಪಿಗೆ ಹೋಯಿತು.

‘ಅಂವಾ ಛಲೋ ಅಂದ್ರ ರೀಲ್ಸಿಗೆ ಹಾಕ್ತೀವ್ರಿ.’

‘ಬ್ಯಾಡಂದ್ರ?’

‘ಐತ್ವಾರ ಮತ್ತ ಬರ್ತೀವ್ರಿ.’