ಮೈಸೂರಿನ ಓಲೆಗರಿಯಲ್ಲಿ ಸಿಕ್ಕ ರಾಜ್ಯಶಾಸ್ತ್ರ

ಕೌಟಿಲ್ಯನ ಅರ್ಥಶಾಸ್ತ್ರದ ಹೆಸರು ವಿದ್ವಾಂಸರಿಗೆ ಗೊತ್ತಿತ್ತು. ಪೂರ್ಣ ಗ್ರಂಥ ಮಾತ್ರ ಶತಮಾನಗಳ ಕಾಲ ಕಣ್ಮರೆಯಾಗಿತ್ತು. 1905ರ ಸುಮಾರಿಗೆ ತಂಜಾವೂರು ಕಡೆಯ ಪಂಡಿತರೊಬ್ಬರು ಅದರ ಓಲೆಗರಿ ಕಟ್ಟನ್ನು ಮೈಸೂರಿನ ಓರಿಯಂಟಲ್ ಲೈಬ್ರರಿಗೆ ಕೊಟ್ಟರು. ಗ್ರಂಥಲಿಪಿಯ ಆ ಕಟ್ಟಿನ ಬೆಲೆ ಅರಿತವರು ಅಲ್ಲಿನ ಗ್ರಂಥಪಾಲಕ, ಕಾವೇರಿ ದಂಡೆಯ ರುದ್ರಪಟ್ಟಣದ ಆರ್. ಶಾಮಶಾಸ್ತ್ರಿ. 1909ರಲ್ಲಿ ಸಂಸ್ಕೃತ ಮೂಲ, 1915ರಲ್ಲಿ ಅವರದೇ ಇಂಗ್ಲಿಷ್ ಅನುವಾದ ಪ್ರಕಟವಾದವು. ಪ್ರಾಚೀನ ಭಾರತದವರಿಗೆ ಆಡಳಿತದ ಶಾಸ್ತ್ರವೇ ಇರಲಿಲ್ಲ ಎಂಬ ವಾದಕ್ಕೆ ಇದಕ್ಕಿಂತ ಗಟ್ಟಿ ಉತ್ತರ ಬೇಕಿರಲಿಲ್ಲ.

ಅರ್ಥಶಾಸ್ತ್ರದ 15 ಅಧಿಕರಣಗಳಲ್ಲಿ ತೆರಿಗೆ, ನ್ಯಾಯ, ಗೂಢಚಾರಿಕೆ, ಕೋಟೆ, ಸೈನ್ಯ ಎಲ್ಲವೂ ಇವೆ. ಸೇನಾಪತಿಗೆ 48,000 ಪಣ ಸಂಬಳವಾದರೆ, ಪಳಗಿದ ಕಾಲಾಳಿಗೆ 500.

ಸರಗೂರು, ಎಚ್.ಡಿ. ಕೋಟೆ ಸೀಮೆಯವರು ಓದಲೇಬೇಕಾದ ಭಾಗ ಆನೆಗಳದ್ದು. ರಾಜನ ಗೆಲುವಿಗೆ ಆನೆಯೇ ಮುಖ್ಯ ಎನ್ನುತ್ತದೆ ಗ್ರಂಥ. ಆನೆಗಾಡಿನಲ್ಲಿ ಆನೆ ಕೊಂದವನಿಗೆ ಮರಣದಂಡನೆ. ತಾನಾಗಿ ಸತ್ತ ಆನೆಯ ಜೋಡಿದಂತ ತಂದೊಪ್ಪಿಸಿದವನಿಗೆ ನಾಲ್ಕೂಕಾಲು ಪಣ. ಹಿಡಿಯುವುದು ಬೇಸಿಗೆಯಲ್ಲಿ, ಅದೂ ಇಪ್ಪತ್ತು ವರ್ಷದ ಆನೆಯನ್ನು. ಮರಿ, ಗಬ್ಬದ ಆನೆ, ಹಾಲೂಡುವ ತಾಯಿಯನ್ನು ಮುಟ್ಟುವಂತಿಲ್ಲ. ಇದೇ ಸೀಮೆಯ ಕಾಕನಕೋಟೆಯಲ್ಲಿ ಆನೆ ಹಿಡಿಯುವ ಖೆಡ್ಡಾ ನಡೆದದ್ದು 1971ರವರೆಗೆ. ಅಲ್ಲಿನ ಕಾಡಂಚಿನ ಜನರಿಗೆ ಈ ನಿಯಮಗಳು ಹಳೆಯವೆನಿಸಲಾರವು.

  

ಓಲೆಗರಿ ಸಿಕ್ಕ ಆ ಓರಿಯಂಟಲ್ ಲೈಬ್ರರಿ 1891ರಲ್ಲಿ ಆರಂಭವಾಗಿ, 1916ರಲ್ಲಿ ಮೈಸೂರು ವಿಶ್ವವಿದ್ಯಾನಿಲಯಕ್ಕೆ ಸೇರಿತು. ಈಗ ಅದರ ಹೆಸರು ಪ್ರಾಚ್ಯವಿದ್ಯಾ ಸಂಶೋಧನಾಲಯ.