ಮುಂಬಡ್ತಿ: ಮೂಗರ್ಜಿ ಬಿದ್ದ ಮಾತ್ರಕ್ಕೆ ನೌಕರನ ಹೆಸರು ಬಿಡುವಂತಿಲ್ಲ

‘ಅವರ ಮೇಲೆ ದೂರು ಇದೆಯಂತೆ, ಈ ಸಲ ಪ್ರಮೋಷನ್ ಲಿಸ್ಟ್‌ನಲ್ಲಿ ಹೆಸರು ಬರಲ್ಲ ಬಿಡಿ.’ ತಾಲ್ಲೂಕು ಕಚೇರಿ ಎದುರಿನ ಟೀ ಅಂಗಡಿ, ಜೆರಾಕ್ಸ್ ಅಂಗಡಿಗಳಲ್ಲಿ ಇಂಥ ಮಾತು ಆಗಾಗ ಕಿವಿಗೆ ಬೀಳುತ್ತೆ. ಕಾನೂನು ಹೇಳೋದು ಬೇರೆ.

ಮುಂಬಡ್ತಿ ಸಿಗಲೇಬೇಕು ಎಂಬ ಹಕ್ಕು ಯಾವ ಸರ್ಕಾರಿ ನೌಕರನಿಗೂ ಇಲ್ಲ. ಆದರೆ ಅರ್ಹತೆ ಇದ್ದು ಸರದಿ ಬಂದಾಗ ಹೆಸರನ್ನು ಪರಿಗಣಿಸಲೇಬೇಕು. ಇದು ಸಂವಿಧಾನದ 16(1)ನೇ ವಿಧಿಯಡಿ ಮೂಲಭೂತ ಹಕ್ಕು ಎಂದು ಸುಪ್ರೀಂ ಕೋರ್ಟ್ 1999ರ ಅಜಿತ್ ಸಿಂಗ್ ಪ್ರಕರಣದಲ್ಲಿ ಹೇಳಿದೆ. ಉದಾಹರಣೆಗೆ, ದ್ವಿತೀಯ ದರ್ಜೆ ಸಹಾಯಕರೊಬ್ಬರು ಪ್ರಥಮ ದರ್ಜೆ ಹುದ್ದೆಯ ಸರದಿಯಲ್ಲಿದ್ದಾರೆ ಅಂದುಕೊಳ್ಳಿ. ಇಲಾಖಾ ಮುಂಬಡ್ತಿ ಸಮಿತಿ ಅವರ ದಾಖಲೆ ನೋಡಿ ‘ಅರ್ಹರಲ್ಲ’ ಅಂದರೆ ಅದೊಂದು ಮಾತು. ಹೆಸರನ್ನೇ ಸಮಿತಿ ಮುಂದಿಡದೆ ಕಿರಿಯರಿಗೆ ಹುದ್ದೆ ಕೊಟ್ಟರೆ ಹಕ್ಕು ಉಲ್ಲಂಘನೆ.

ಹಾಗಾದರೆ ದೂರಿನ ಗತಿ? 1991ರ ಜಾನಕಿರಾಮನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದಕ್ಕೊಂದು ಗೆರೆ ಎಳೆದಿದೆ. ಇಲಾಖಾ ವಿಚಾರಣೆಯಲ್ಲಿ ದೋಷಾರೋಪಣ ಪಟ್ಟಿ ಕೊಟ್ಟ ಮೇಲೆ, ಇಲ್ಲವೇ ಕ್ರಿಮಿನಲ್ ಕೇಸಿನಲ್ಲಿ ಚಾರ್ಜ್‌ಶೀಟ್ ಆದ ಮೇಲಷ್ಟೇ ‘ಮುಚ್ಚಿದ ಲಕೋಟೆ’ ಪದ್ಧತಿ ಅನ್ವಯ. ಯಾರೋ ಬರೆದ ಮೂಗರ್ಜಿ, ನಡೆಯುತ್ತಿರುವ ಪ್ರಾಥಮಿಕ ತನಿಖೆ ಇದಕ್ಕೆ ಸಾಲದು. ಆಗದವರು ಸರಿಯಾಗಿ ಬಡ್ತಿ ಸಮಯಕ್ಕೇ ಅರ್ಜಿ ಹಾಕೋದು ಹೊಸದೇನಲ್ಲವಲ್ಲ!

ಲಕೋಟೆ ಅಂದರೂ ಹೆಸರು ಕೈಬಿಟ್ಟಂತಲ್ಲ. ಸಮಿತಿ ಎಲ್ಲರಂತೆ ಅವರನ್ನೂ ಪರಿಗಣಿಸಿ, ತೀರ್ಮಾನವನ್ನು ಲಕೋಟೆಗೆ ಹಾಕಿ ಮೊಹರು ಮಾಡುತ್ತೆ. ಪೂರ್ತಿ ನಿರ್ದೋಷಿ ಎಂದಾದರೆ ಲಕೋಟೆ ತೆರೆಯಬೇಕು. ಒಳಗೆ ‘ಅರ್ಹ’ ಅಂತ ಇದ್ದರೆ ಹಿಂದಿನ ದಿನಾಂಕದಿಂದಲೇ ಬಡ್ತಿ. ಆ ಅವಧಿಯ ಬಾಕಿ ಸಂಬಳ ಎಷ್ಟು ಅನ್ನೋದನ್ನು ಪ್ರಕರಣ ನೋಡಿ ಪ್ರಾಧಿಕಾರ ತೀರ್ಮಾನಿಸುತ್ತೆ. ಶಿಕ್ಷೆಯಾದರೆ ಆ ಲಕೋಟೆಗೆ ಬೆಲೆಯಿಲ್ಲ.

ಇನ್ನೊಂದು ತಪ್ಪು ಕಲ್ಪನೆಯೂ ಇದೆ. ಹುದ್ದೆ ಖಾಲಿಯಾದ ದಿನದಿಂದಲೇ ಬಡ್ತಿ ಕೊಡಬೇಕು ಅನ್ನೋದು ಹಲವರ ವಾದ. ಬಿಹಾರ ವಿದ್ಯುತ್ ಮಂಡಳಿ ನೌಕರರೊಬ್ಬರ ಪ್ರಕರಣದಲ್ಲಿ 2024ರಲ್ಲಿ ಸುಪ್ರೀಂ ಕೋರ್ಟ್ ಇದನ್ನು ಒಪ್ಪಲಿಲ್ಲ. ಬಡ್ತಿ ಸಾಮಾನ್ಯವಾಗಿ ಕೊಟ್ಟ ದಿನದಿಂದಲೇ ಜಾರಿ.

ನೌಕರರು ಎಡವೋದು ಹೆಚ್ಚಾಗಿ ಕಾಲಮಿತಿಯಲ್ಲಿ. ತಾತ್ಕಾಲಿಕ ಜ್ಯೇಷ್ಠತಾ ಪಟ್ಟಿ ಬಂದಾಗ ‘ಆಮೇಲೆ ನೋಡೋಣ’ ಅಂತ ಸುಮ್ಮನಿದ್ದು, ಅಂತಿಮ ಪಟ್ಟಿ ಬಂದ ಮೇಲೆ ಓಡಾಡುತ್ತಾರೆ. ಆಕ್ಷೇಪಣೆಯನ್ನು ಕೊಟ್ಟ ಗಡುವಿನೊಳಗೆ ಲಿಖಿತವಾಗಿ ಸಲ್ಲಿಸಿ ಸ್ವೀಕೃತಿ ಪಡೆಯಬೇಕು. ಹೆಸರು ಬಿಟ್ಟುಹೋಗಿದ್ದರೆ ಮೊದಲು ಇಲಾಖೆಗೆ ಮನವಿ ಕೊಡಬೇಕು, ಆಮೇಲೆ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿ (ಕೆಎಟಿ). ಬೆಂಗಳೂರಲ್ಲದೆ ಬೆಳಗಾವಿ, ಕಲಬುರಗಿಯಲ್ಲೂ ಪೀಠಗಳಿವೆ. ಇಲಾಖೆಯ ಅಂತಿಮ ಆದೇಶ ಬಂದ 1 ವರ್ಷದೊಳಗೆ ಅರ್ಜಿ ಹಾಕಬೇಕು. ಮನವಿಗೆ 6 ತಿಂಗಳಾದರೂ ಉತ್ತರ ಬರದಿದ್ದರೆ, ಆ 6 ತಿಂಗಳು ಮುಗಿದ ದಿನದಿಂದ 1 ವರ್ಷದ ಲೆಕ್ಕ ಶುರು.